ಕಲಬುರಗಿಯಿಂದ ಮೊದಲ ಸಿನಿಮಾ: ನಿರ್ಮಾಪಕರು ಯಾವ ಕೆಲಸ ಮೊದಲು ಮಾಡಬೇಕು, ಯಾವುದು ಆಮೇಲೆ

ಕಲಬುರಗಿ, ಬೀದರ್, ಯಾದಗಿರಿ ಕಡೆಯಿಂದ ಸಿನಿಮಾ ಮಾಡಲು ಹೊರಟವರು ಹೆಚ್ಚಾಗಿ ಎರಡೇ ಜಾಗದಲ್ಲಿ ಸಿಕ್ಕಿಬೀಳುತ್ತಾರೆ. ಒಂದು, ಮುಹೂರ್ತ ಜೋರಾಗಿ ಆಗುತ್ತದೆ, ಮೊದಲ ಶೆಡ್ಯೂಲ್ (ಒಂದು ಸುತ್ತಿನ ಚಿತ್ರೀಕರಣ) ಮುಗಿಯುವಷ್ಟರಲ್ಲಿ ದುಡ್ಡು ಖಾಲಿ. ಇನ್ನೊಂದು, ಸಿನಿಮಾ ಪೂರ್ತಿ ಆಗಿದೆ, ಆದರೆ ಹಾರ್ಡ್‌ಡಿಸ್ಕ್‌ನಲ್ಲೇ ಉಳಿದಿದೆ. ಥಿಯೇಟರ್‌ಗೆ ಹಾಕಲು ಹಣವಿಲ್ಲ, ಅಥವಾ ಕಥೆ ಬರೆದವರ ಸಹಿ ಇಲ್ಲ. ಎರಡೂ ಕಡೆ ತಪ್ಪಿದ್ದು ಕೆಲಸದ ಕ್ರಮ. ಕೊನೆಗೆ ಬೇಕಾಗುವ ದುಡ್ಡನ್ನೂ ಕಾಗದವನ್ನೂ ಮೊದಲೇ ಜೋಡಿಸಿಕೊಳ್ಳಬೇಕು. ನಮ್ಮವರು ಅದನ್ನೇ ಕೊನೆಗೆ ಬಿಡುತ್ತಾರೆ.

ಇಲ್ಲಿರುವುದು ಸಣ್ಣ ಬಜೆಟ್‌ನ, ನಮ್ಮ ಭಾಗದಲ್ಲೇ ಚಿತ್ರೀಕರಣ ಮಾಡುವ ಕನ್ನಡ ಸಿನಿಮಾದ ದಾರಿ. ಹಂತಗಳನ್ನು ಹಿಂದುಮುಂದು ಮಾಡಬೇಡಿ.

ಹಂತ 1: ಬೇರೆಯವರ ಸೆಟ್‌ನಲ್ಲಿ ಒಂದು ಶೆಡ್ಯೂಲ್ ಕೆಲಸ ಮಾಡಿ

ದುಡ್ಡು ಹಾಕುವುದೇ ನಿರ್ಮಾಪಕರ ಕೆಲಸ ಅಂದುಕೊಂಡು ಬಂದವರು ಮೊದಲ ವಾರವೇ ಮೋಸ ಹೋಗುತ್ತಾರೆ. ದುಡ್ಡು ಹಾಕುವವರು ಫೈನಾನ್ಸಿಯರ್. ನಿರ್ಮಾಪಕರು ಕಥೆಯಿಂದ ಬಿಡುಗಡೆವರೆಗೆ ಪ್ರತಿ ಕೆಲಸಕ್ಕೂ ಹೊಣೆಗಾರರು.

ಹಾಗಾಗಿ ಮೊದಲು ಒಬ್ಬ ಅನುಭವಿ ಪ್ರೊಡಕ್ಷನ್ ಮ್ಯಾನೇಜರ್ ಜೊತೆ ಒಂದು ಶೆಡ್ಯೂಲ್ ಓಡಾಡಿ. ಸಂಬಳ ಕಡಿಮೆ ಇದ್ದರೂ ಹೋಗಿ. ಬಾಟಾ (ದಿನದ ಭತ್ಯೆ) ಹೇಗೆ ಹಂಚುತ್ತಾರೆ, ಜನರೇಟರ್‌ಗೆ ಎಷ್ಟು ಡೀಸೆಲ್ ಹೋಗುತ್ತದೆ, ಊಟ ಒಂದು ಗಂಟೆ ತಡವಾದರೆ ಏನಾಗುತ್ತದೆ, ಇದೆಲ್ಲ ಕಣ್ಣಾರೆ ನೋಡಿದವರಿಗೆ ಬಜೆಟ್ ಪಟ್ಟಿಯಲ್ಲಿ ಯಾವ ಅಂಕಿ ಸುಳ್ಳು ಅಂತ ಗೊತ್ತಾಗುತ್ತದೆ.

ಹಂತ 2: ಬಿಡುಗಡೆಯ ದುಡ್ಡು ಮೊದಲು ಎತ್ತಿಡಿ

ನಿಮ್ಮ ಕೈಯಲ್ಲಿ 60 ಲಕ್ಷ ಇದೆ ಅಂದುಕೊಳ್ಳಿ. ಅದರಲ್ಲಿ 60 ಲಕ್ಷದ ಸಿನಿಮಾ ಚಿತ್ರೀಕರಣ ಆಗುವುದಿಲ್ಲ. ನಾನು ಹೇಳುವ ಹಂಚಿಕೆ ಇದು: ಬಿಡುಗಡೆ ಮತ್ತು ಪ್ರಚಾರಕ್ಕೆ 18 ಲಕ್ಷ, ಪೋಸ್ಟ್ ಪ್ರೊಡಕ್ಷನ್‌ಗೆ (ಎಡಿಟಿಂಗ್, ಡಬ್ಬಿಂಗ್ ಮುಂತಾದ ಶೂಟಿಂಗ್ ನಂತರದ ಕೆಲಸ) 12 ಲಕ್ಷ, ಅನಿರೀಕ್ಷಿತ ಖರ್ಚಿಗೆ 6 ಲಕ್ಷ. ಉಳಿದ 24 ಲಕ್ಷದಲ್ಲಿ ಕಥೆ, ಕಲಾವಿದರು, ಶೂಟಿಂಗ್ ಎಲ್ಲಾ ಮುಗಿಯಬೇಕು. ಮುಗಿಯುವುದಿಲ್ಲ ಅನ್ನಿಸಿದರೆ ಕಥೆ ಚಿಕ್ಕದು ಮಾಡಿ. ಬಿಡುಗಡೆಯ 18 ಲಕ್ಷವನ್ನು ಬೇರೆ ಖಾತೆಯಲ್ಲಿ ಎಫ್‌ಡಿ ಮಾಡಿಡಿ. ಸೆಟ್‌ನಲ್ಲಿ ಎಂಥ ತುರ್ತು ಬಂದರೂ ಅದನ್ನು ಮುರಿಯಬೇಡಿ.

ಈಗ ಟಿಕೆಟ್ ಲೆಕ್ಕ ನೋಡಿ. ಜಿಎಸ್‌ಟಿ ಸೇರಿ 150 ರೂಪಾಯಿಯ ಒಂದು ಟಿಕೆಟ್. 100 ರೂಪಾಯಿಗಿಂತ ಜಾಸ್ತಿ ಬೆಲೆಯ ಟಿಕೆಟ್‌ಗೆ ಜಿಎಸ್‌ಟಿ 18 ಪರ್ಸೆಂಟ್. ಅದು ಹೋದರೆ ಉಳಿಯುವುದು ಸುಮಾರು 127 ರೂಪಾಯಿ. ಥಿಯೇಟರ್ ಜೊತೆ ಅರ್ಧರ್ಧ ಪಾಲು ಅಂತ ಇಟ್ಟುಕೊಂಡರೆ ನಿಮ್ಮ ಕಡೆಗೆ 63. ವಿತರಕರಿಗೆ 10 ಪರ್ಸೆಂಟ್ ಕಮಿಷನ್ ಕೊಟ್ಟರೆ 57. ಅಂದರೆ 60 ಲಕ್ಷ ವಾಪಸ್ ಬರಬೇಕಾದರೆ 1 ಲಕ್ಷಕ್ಕಿಂತ ಹೆಚ್ಚು ಜನ ಟಿಕೆಟ್ ಕೊಂಡು ಬರಬೇಕು. ಕಲಬುರಗಿ, ಬೀದರ್, ಯಾದಗಿರಿ ಮೂರೂ ಜಿಲ್ಲೆಯ ಥಿಯೇಟರ್‌ಗಳನ್ನು ಮನಸ್ಸಿನಲ್ಲಿ ಇಟ್ಟುಕೊಂಡು ಈ ಅಂಕಿ ಮತ್ತೊಮ್ಮೆ ನೋಡಿ. ಈ ಲೆಕ್ಕ ಕಾಗದದ ಮೇಲೆ ಹಾಕದೆ ಯಾರಿಗೂ ಅಡ್ವಾನ್ಸ್ ಕೊಡಬೇಡಿ.

ಸಾಲದ ವಿಷಯ. ನೂರಕ್ಕೆ ಮೂರು ರೂಪಾಯಿ ಬಡ್ಡಿ ಅಂದರೆ ವರ್ಷಕ್ಕೆ 36 ಪರ್ಸೆಂಟ್. 20 ಲಕ್ಷ ತಂದರೆ ತಿಂಗಳಿಗೆ 60 ಸಾವಿರ ಬಡ್ಡಿ. ಕಥೆಯಿಂದ ಬಿಡುಗಡೆಗೆ ಒಂದೂವರೆ ವರ್ಷ ಹಿಡಿದರೆ 10 ಲಕ್ಷದ 80 ಸಾವಿರ ಬಡ್ಡಿಗೇ ಹೋಗುತ್ತದೆ. ಸಾಲ ತರಲೇಬೇಕಾದರೆ ಶೂಟಿಂಗ್‌ಗೆ ತರಬೇಡಿ. ಪೋಸ್ಟ್ ಪ್ರೊಡಕ್ಷನ್ ಮುಗಿಯುವ ಹಂತದಲ್ಲಿ, ಕಡಿಮೆ ತಿಂಗಳಿಗೆ ತನ್ನಿ. ಸಹಿ ಮಾಡಿದ ಖಾಲಿ ಚೆಕ್ ಯಾರಿಗೂ ಕೊಡಬೇಡಿ. ಫೈನಾನ್ಸಿಯರ್ ಲ್ಯಾಬ್ ಲೆಟರ್ (ಸಿನಿಮಾ ಇರುವ ಲ್ಯಾಬ್‌ಗೆ ಬರೆದುಕೊಡುವ ಪತ್ರ) ಕೇಳಿದರೆ ವಕೀಲರಿಗೆ ತೋರಿಸಿ ಕೊಡಿ. ಆ ಕಾಗದ ಕೊಟ್ಟ ಮೇಲೆ ಅವರ ಒಪ್ಪಿಗೆ ಇಲ್ಲದೆ ನಿಮ್ಮದೇ ಸಿನಿಮಾವನ್ನು ನೀವು ಹೊರಗೆ ತರಲು ಆಗುವುದಿಲ್ಲ.

ಈ ಮಾತುಗಳು ಕಿವಿಗೆ ಬಿದ್ದರೆ ಅಲ್ಲಿಯೇ ನಿಲ್ಲಿ:

"ಸ್ಯಾಟಲೈಟ್ ರೈಟ್ಸ್‌ನಲ್ಲೇ ದುಡ್ಡು ವಾಪಸ್." ಅಂದರೆ ಟಿವಿಗೆ ಹಕ್ಕು ಮಾರಿದ ದುಡ್ಡು. ಚಾನೆಲ್ ಅಥವಾ ಓಟಿಟಿಯವರ ಸಹಿ ಇರುವ ಕಾಗದ ತೋರಿಸದೆ ಹೇಳಿದರೆ ಅದು ಬರೀ ಆಸೆ. ಹೆಸರಿಲ್ಲದ ಸಣ್ಣ ಸಿನಿಮಾವನ್ನು ಬಿಡುಗಡೆಗೆ ಮೊದಲೇ ಕೊಳ್ಳುವವರು ತೀರಾ ಕಡಿಮೆ.

"ಸಬ್ಸಿಡಿ ಬಂದೇ ಬರುತ್ತೆ." ರಾಜ್ಯ ಸರ್ಕಾರ ಆಯ್ದ ಕನ್ನಡ ಚಿತ್ರಗಳಿಗೆ ಸಹಾಯಧನ ಕೊಡುವುದು ನಿಜ. ಆದರೆ ಸಿನಿಮಾ ಮುಗಿದ ಮೇಲೆ ಅರ್ಜಿ ಹಾಕಬೇಕು, ಸಮಿತಿ ನೋಡಬೇಕು, ಆಯ್ಕೆ ಆಗಬೇಕು, ಆಮೇಲೆ ಹಣಕ್ಕೆ ಕಾಯಬೇಕು. ಬಂದರೆ ಸಂತೋಷ. ಬಜೆಟ್‌ನಲ್ಲಿ ಅದನ್ನು ಸೊನ್ನೆ ಅಂತಲೇ ಬರೆಯಿರಿ.

"ಮೊದಲು ಮುಹೂರ್ತ ಮಾಡೋಣ, ಸ್ಕ್ರಿಪ್ಟ್ ಆಗ್ತಾ ಇದೆ." ಪೂರ್ತಿ ಬರೆದ ಸ್ಕ್ರಿಪ್ಟ್ ಇಲ್ಲದೆ ಮುಹೂರ್ತ ಬೇಡವೇ ಬೇಡ.

"ಐದು ಲಕ್ಷ ಕೊಡಿ, ಸಹನಿರ್ಮಾಪಕ ಅಂತ ಹೆಸರು ಹಾಕ್ತೀವಿ." ಹೆಸರು ಪೋಸ್ಟರ್‌ನಲ್ಲಿ ಬರುತ್ತದೆ. ಲಾಭದಲ್ಲಿ ಎಷ್ಟು ಪಾಲು, ಯಾವ ಹಕ್ಕಿನಲ್ಲಿ ಪಾಲು ಅಂತ ಬರೆದು ಕೊಡದಿದ್ದರೆ ಅದು ಸುಮ್ನೆ ಹೋದ ದುಡ್ಡು.

ಹಂತ 3: ಸಂಸ್ಥೆ, ಖಾತೆ, ಪಾಲುದಾರರು

ಮೂವರು ಗೆಳೆಯರು ಸೇರಿ ಮಾಡುವ ಸಿನಿಮಾಗಳೇ ನಮ್ಮ ಕಡೆ ಜಾಸ್ತಿ. ಬಾಯಿಮಾತಿನ ಪಾಲುದಾರಿಕೆ ಸಿನಿಮಾಕ್ಕೆ ಆಗಿಬರುವುದಿಲ್ಲ. ಸಾಮಾನ್ಯ ಪಾಲುದಾರಿಕೆ ಸಂಸ್ಥೆಯಲ್ಲಿ ಸಾಲ ತೀರದಿದ್ದರೆ ಅದು ನಿಮ್ಮ ಮನೆ, ಹೊಲದವರೆಗೂ ಬರಬಹುದು. ಎಲ್‌ಎಲ್‌ಪಿ (ಸೀಮಿತ ಹೊಣೆಯ ಪಾಲುದಾರಿಕೆ) ಮಾಡಿಕೊಂಡರೆ ಹೊಣೆ ಹೆಚ್ಚುಕಡಿಮೆ ನೀವು ಹಾಕಿದ ಬಂಡವಾಳಕ್ಕೆ ನಿಲ್ಲುತ್ತದೆ. ನೀವೇ ಖುದ್ದು ಜಾಮೀನು ಸಹಿ ಹಾಕಿದರೆ ಮಾತ್ರ ಈ ರಕ್ಷಣೆ ಇಲ್ಲ. ಒಳ್ಳೆಯ ಚಾರ್ಟರ್ಡ್ ಅಕೌಂಟೆಂಟ್ ಕಲಬುರಗಿಯಲ್ಲೇ ಸಿಗುತ್ತಾರೆ, ಇದಕ್ಕಾಗಿ ಬೆಂಗಳೂರಿಗೆ ಹೋಗಬೇಕಿಲ್ಲ.

ಒಪ್ಪಂದದಲ್ಲಿ ನಾಲ್ಕು ವಿಷಯ ಇರಲೇಬೇಕು. ಯಾರು ಎಷ್ಟು ಹಾಕುತ್ತಾರೆ, ಯಾವ ತಾರೀಖಿಗೆ. ಬಜೆಟ್ ಮೀರಿದರೆ ಹೆಚ್ಚಿನ ದುಡ್ಡು ಯಾರು ತರಬೇಕು. ಮಧ್ಯದಲ್ಲಿ ಒಬ್ಬರು ಬಿಟ್ಟುಹೋದರೆ ಏನು. ಚೆಕ್‌ಗೆ ಯಾರ ಸಹಿ. ಎರಡನೆಯದನ್ನು ಬರೆಯಲು ಎಲ್ಲರೂ ಸಂಕೋಚ ಪಡುತ್ತಾರೆ. ಜಗಳ ಶುರುವಾಗುವುದೂ ಅಲ್ಲೇ.

ಸಂಸ್ಥೆಯ ಪ್ಯಾನ್, ಚಾಲ್ತಿ ಖಾತೆ, ಟ್ಯಾನ್ (ತೆರಿಗೆ ಹಿಡಿದು ಕಟ್ಟಲು ಬೇಕಾದ ಸಂಖ್ಯೆ), ಜಿಎಸ್‌ಟಿ ನೋಂದಣಿ ಆದ ಮೇಲೆ ಒಂದು ರೂಪಾಯಿಯೂ ನಿಮ್ಮ ಸ್ವಂತ ಖಾತೆಯಿಂದ ಹೋಗಬಾರದು. ಕಲಾವಿದರಿಗೆ, ತಂತ್ರಜ್ಞರಿಗೆ ಕೊಡುವಾಗ ಟಿಡಿಎಸ್ (ಮೂಲದಲ್ಲೇ ಹಿಡಿಯುವ ಆದಾಯ ತೆರಿಗೆ) ಕತ್ತರಿಸಿ ಮುಂದಿನ ತಿಂಗಳ 7ರೊಳಗೆ ಕಟ್ಟಬೇಕು.

ಹಂತ 4: ಕಥೆ ಮತ್ತು ಹಾಡಿನ ಹಕ್ಕು

ಹಕ್ಕುಸ್ವಾಮ್ಯ ಕಾಯ್ದೆ 1957ರ ಪ್ರಕಾರ ಸಿನಿಮಾದ ಕರ್ತೃ ನಿರ್ಮಾಪಕರು. ಆದರೆ ಅದರೊಳಗಿನ ಕಥೆ, ಚಿತ್ರಕಥೆ, ಸಾಹಿತ್ಯ, ಸಂಗೀತ ಬೇರೆ ಬೇರೆ ಹಕ್ಕುಗಳು. ಒಂದೊಂದಕ್ಕೂ ಲಿಖಿತ ಒಪ್ಪಂದ ಬೇಕು. ಒಪ್ಪಂದದಲ್ಲಿ ಎಷ್ಟು ವರ್ಷ ಅಂತ ಬರೆಯದಿದ್ದರೆ ಕಾಯ್ದೆ ಅದನ್ನು ಐದೇ ವರ್ಷ ಅಂತ ತಿಳಿಯುತ್ತದೆ. ಯಾವ ಪ್ರದೇಶಕ್ಕೆ ಅಂತ ಬರೆಯದಿದ್ದರೆ ಭಾರತಕ್ಕೆ ಮಾತ್ರ. ಇಪ್ಪತ್ತು ರೂಪಾಯಿ ಬಾಂಡ್ ಪೇಪರ್ ಮೇಲೆ "ಕಥೆ ಕೊಟ್ಟಿದ್ದೇನೆ" ಅಂತ ಎರಡು ಸಾಲು ಬರೆಸಿಕೊಂಡವರು ಇಲ್ಲೇ ಸಿಕ್ಕಿಬೀಳುತ್ತಾರೆ. ಐದು ವರ್ಷದ ಮೇಲೆ ಓಟಿಟಿಯವರು ಕೇಳಿದಾಗ ಹಕ್ಕು ಕೈಯಲ್ಲಿ ಇರುವುದಿಲ್ಲ. ಅವಧಿ, ಪ್ರದೇಶ, ಡಬ್ಬಿಂಗ್, ರಿಮೇಕ್, ಓಟಿಟಿ, ಟಿವಿ ಎಲ್ಲವನ್ನೂ ಹೆಸರಿಟ್ಟು ಬರೆಸಿ.

ಇನ್ನೊಂದು ಮಾತು. 2012ರ ತಿದ್ದುಪಡಿ ನಂತರ ಗೀತರಚನೆಕಾರರು, ಸಂಗೀತ ನಿರ್ದೇಶಕರು ಥಿಯೇಟರ್ ಹೊರಗಿನ ಬಳಕೆಯ ರಾಯಲ್ಟಿಯನ್ನು ನಿರ್ಮಾಪಕರಿಗೆ ಬಿಟ್ಟುಕೊಡಲು ಬರುವುದಿಲ್ಲ. "ಪೂರ್ತಿ ಹಕ್ಕು ನಮ್ಮದೇ" ಅಂತ ಬರೆಸಿಕೊಂಡರೂ ಆ ಸಾಲು ನಿಲ್ಲುವುದಿಲ್ಲ.

ನಮ್ಮ ಕಡೆಯ ಸಿನಿಮಾದಲ್ಲಿ ತತ್ವಪದ ಬಂದೇ ಬರುತ್ತದೆ, ಅಲ್ವಾ? ಕಡಕೋಳ ಮಡಿವಾಳಪ್ಪನವರ ಪದಗಳಿಗೆ ಈಗ ಹಕ್ಕುಸ್ವಾಮ್ಯ ಇಲ್ಲ. ಯಾರು ಬೇಕಾದರೂ ಹಾಡಿಸಬಹುದು. ಆದರೆ ಯೂಟ್ಯೂಬ್‌ನಲ್ಲಿ ಸಿಕ್ಕ ಧ್ವನಿಮುದ್ರಣ ಹಾಡಿದವರದು, ಮುದ್ರಿಸಿದವರದು. ಅದನ್ನು ಎತ್ತಿ ಹಾಕಬೇಡಿ. ಊರಿನ ಭಜನೆ ಮೇಳದವರನ್ನೇ ಕರೆಸಿ, ಸರಿಯಾದ ಸಂಭಾವನೆ ಕೊಟ್ಟು, ಸಹಿ ಮಾಡಿಸಿಕೊಂಡು ಹೊಸದಾಗಿ ರೆಕಾರ್ಡ್ ಮಾಡಿ. ಕತೆಗಾರರು ತೀರಿಕೊಂಡಿದ್ದರೆ ಅವರ ಕತೆಗೆ ಮರಣದ ನಂತರ 60 ವರ್ಷ ಹಕ್ಕು ಇರುತ್ತದೆ. ಮನೆಯವರೆಲ್ಲರ ಸಹಿ ಬೇಕು, ಹಿರಿಮಗನ ಸಹಿ ಒಂದೇ ಸಾಲದು.

ಹಂತ 5: ಬ್ಯಾನರ್ ಮತ್ತು ಟೈಟಲ್

ಬೆಂಗಳೂರಿನ ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ಬ್ಯಾನರ್ (ನಿಮ್ಮ ನಿರ್ಮಾಣ ಸಂಸ್ಥೆಯ ಹೆಸರು), ಆಮೇಲೆ ಟೈಟಲ್ ನೋಂದಾಯಿಸಿ. ಎರಡು ಮೂರು ಹೆಸರು ಇಟ್ಟುಕೊಂಡು ಹೋಗಿ. ಕೈಗೆ ಪತ್ರ ಬರುವವರೆಗೆ ಪೋಸ್ಟರ್ ಬಿಡಬೇಡಿ. ಟೈಟಲ್ ನಿರ್ದೇಶಕರ ಹೆಸರಿನಲ್ಲಿ ಇದ್ದರೆ ಸಂಸ್ಥೆಯ ಹೆಸರಿಗೆ ವರ್ಗಾಯಿಸಿಕೊಂಡೇ ಮುಂದೆ ಹೋಗಿ.

ಹಂತ 6: ಕಾಲ ನೋಡಿ ಶೆಡ್ಯೂಲ್ ಹಾಕಿ

ಸ್ಕ್ರಿಪ್ಟ್‌ನ ಪ್ರತಿ ದೃಶ್ಯಕ್ಕೂ ಒಂದು ಹಾಳೆ ಮಾಡಿ: ಜಾಗ, ಹಗಲು ಅಥವಾ ರಾತ್ರಿ, ಕಲಾವಿದರು, ಬಟ್ಟೆ, ವಾಹನ, ಪ್ರಾಣಿ, ಮಕ್ಕಳು. ಒಂದೇ ಜಾಗದ ದೃಶ್ಯಗಳನ್ನು ಒಟ್ಟಿಗೆ ಜೋಡಿಸಿ. ದಿನಗಳ ಲೆಕ್ಕ ಬರುವುದು ಇದರಿಂದ. ನಿರ್ದೇಶಕರು "30 ದಿನ ಸಾಕು" ಅಂದರೆ ಈ ಹಾಳೆಗಳನ್ನು ಮುಂದಿಟ್ಟು ಕೇಳಿ.

ನಮ್ಮ ಭಾಗದಲ್ಲಿ ಕಾಲವೇ ದೊಡ್ಡ ಪಾತ್ರ. ಏಪ್ರಿಲ್, ಮೇನಲ್ಲಿ ಬಿಸಿಲು 42 ಡಿಗ್ರಿ ದಾಟುತ್ತದೆ. ಬೆಳಿಗ್ಗೆ 11ರಿಂದ ಮಧ್ಯಾಹ್ನ 4ರವರೆಗೆ ಹೊರಗೆ ಕೆಲಸ ಆಗುವುದಿಲ್ಲ. ಜನ ಬಸವಳಿಯುತ್ತಾರೆ, ಕ್ಯಾಮೆರಾ ಬಿಸಿಯಾಗಿ ನಿಲ್ಲುತ್ತದೆ. ಬೇಸಿಗೆಯ ದೃಶ್ಯವೇ ಬೇಕಾದರೆ ಫೆಬ್ರವರಿ ಕೊನೆಯಿಂದ ಮಾರ್ಚ್‌ನಲ್ಲಿ ಮುಗಿಸಿ. ಪರದೆಯ ಮೇಲೆ ಅದೂ ಬಿಸಿಲಾಗಿಯೇ ಕಾಣುತ್ತದೆ.

ತೊಗರಿ ಹೊಲ ಬೇಕಾದವರು ಇನ್ನೂ ಹುಷಾರಾಗಿರಬೇಕು. ಅಕ್ಟೋಬರ್, ನವೆಂಬರ್‌ನಲ್ಲಿ ಹಳದಿ ಹೂ. ಡಿಸೆಂಬರ್, ಜನವರಿಯಲ್ಲಿ ಕಟಾವು. ಎರಡು ಶೆಡ್ಯೂಲ್ ನಡುವೆ ಅಂತರ ಬಿದ್ದರೆ ಹೊಲ ಬೋಳಾಗಿರುತ್ತದೆ, ಮುಂದಿನ ವರ್ಷದವರೆಗೆ ಕಾಯಬೇಕು. ಹೊರಾಂಗಣದ ದೃಶ್ಯಗಳನ್ನು ಒಂದೇ ಶೆಡ್ಯೂಲ್‌ನಲ್ಲಿ ಮುಗಿಸಿ. ಹೋಳಿ ಹುಣ್ಣಿಮೆ ನಂತರ ಶರಣಬಸವೇಶ್ವರರ ಜಾತ್ರೆ, ಆಮೇಲೆ ಬಂದೇನವಾಜ್ ಉರುಸ್ ದಿನಗಳಲ್ಲಿ ಕಲಬುರಗಿ ನಗರದೊಳಗೆ ಶೂಟಿಂಗ್ ಇಡಬೇಡಿ. ಪೊಲೀಸರೆಲ್ಲ ಬಂದೋಬಸ್ತ್‌ನಲ್ಲಿ ಇರುತ್ತಾರೆ, ಲಾಡ್ಜ್ ಸಿಗುವುದಿಲ್ಲ.

ಸಲಕರಣೆ ಎಲ್ಲಿಂದ ತರಿಸಬೇಕು ಅನ್ನುವುದನ್ನೂ ಈಗಲೇ ನಿರ್ಧರಿಸಿ. ಕಲಬುರಗಿಗೆ ಹೈದರಾಬಾದ್ ಸುಮಾರು 220 ಕಿಲೋಮೀಟರ್, ಬೆಂಗಳೂರು 600ರ ಮೇಲೆ. ಕ್ಯಾಮೆರಾ, ಲೈಟು ಹೈದರಾಬಾದ್‌ನಿಂದ ಬಂದರೆ ಸಾಗಾಟದ ದಿನ ಉಳಿಯುತ್ತದೆ. ಸಾಗಾಟದ ದಿನಕ್ಕೂ ಬಾಡಿಗೆ ಇದೆಯಾ ಅಂತ ಕೇಳಿ ಬರೆಸಿಕೊಳ್ಳಿ.

ಹಂತ 7: ಅನುಮತಿಗಳು

ಯಾವ ಕಚೇರಿ ಅಂತ ಗೊತ್ತಿಲ್ಲದೆ ಅಲೆಯುವವರೇ ಜಾಸ್ತಿ. ಎರಡು ತಿಂಗಳು ಮೊದಲೇ ಶುರು ಮಾಡಿ.

ಕಲಬುರಗಿ ನಗರದೊಳಗಾದರೆ ಪೊಲೀಸ್ ಕಮಿಷನರ್ ಕಚೇರಿ ಮತ್ತು ಮಹಾನಗರ ಪಾಲಿಕೆ. ನಗರದ ಹೊರಗೆ ಜಿಲ್ಲೆಯ ಎಸ್‌ಪಿ ಕಚೇರಿ. ಹಳ್ಳಿಯಾದರೆ ಗ್ರಾಮ ಪಂಚಾಯಿತಿಯ ಪತ್ರ, ಹೊಲದ ಮಾಲೀಕರ ಸಹಿ. ಊರ ಹಿರಿಯರ ಜೊತೆ ಕೂತು ಮಾತಾಡುವುದನ್ನು ಮ್ಯಾನೇಜರ್‌ಗೆ ಬಿಡಬೇಡಿ, ನೀವೇ ಹೋಗಿ.

ಬೀದರ್ ಕೋಟೆ, ಕಲಬುರಗಿ ಕೋಟೆ, ಮಹಮೂದ್ ಗವಾನ್ ಮದರಸಾ, ಅಷ್ಟೂರಿನ ಗುಂಬಜ್‌ಗಳು ಕೇಂದ್ರದ ಪುರಾತತ್ವ ಸರ್ವೇಕ್ಷಣ ಇಲಾಖೆಗೆ ಸೇರಿದವು. ಡಿಸಿ ಕಚೇರಿಯ ಪತ್ರ ಅಲ್ಲಿ ಸಾಲದು. ಇಲಾಖೆಯ ಶುಲ್ಕ, ಠೇವಣಿ, ದೃಶ್ಯದ ವಿವರ ಎಲ್ಲಾ ಕೊಡಬೇಕು. ಚಿಂಚೋಳಿ ಕಾಡಿಗೆ ಅರಣ್ಯ ಇಲಾಖೆ, ಅದು ವನ್ಯಜೀವಿ ಧಾಮ.

ರೈಲ್ವೆ ಸ್ಟೇಷನ್ ದೃಶ್ಯ ಇದ್ದವರು ಹುಬ್ಬಳ್ಳಿಗೆ ಹೋಗಿ ವಾಪಸ್ ಬರುತ್ತಾರೆ. ಕಲಬುರಗಿ ಸ್ಟೇಷನ್ ಸೆಂಟ್ರಲ್ ರೈಲ್ವೆಯ ಸೋಲಾಪುರ ವಿಭಾಗಕ್ಕೆ ಸೇರಿದ್ದು. ಬೀದರ್ ಸೌತ್ ಸೆಂಟ್ರಲ್ ರೈಲ್ವೆಯ ಸಿಕಂದರಾಬಾದ್ ವಿಭಾಗ.

ಡ್ರೋನ್ ವಿಷಯದಲ್ಲಿ ಬೀದರ್ ಬೇರೆಯೇ. ಅಲ್ಲಿ ವಾಯುಪಡೆಯ ತರಬೇತಿ ನೆಲೆ ಇದೆ. ಡಿಜಿಟಲ್ ಸ್ಕೈ ನಕ್ಷೆಯಲ್ಲಿ (ಡ್ರೋನ್ ಎಲ್ಲಿ ಹಾರಿಸಬಹುದು ಅಂತ ತೋರಿಸುವ ಸರ್ಕಾರಿ ಆನ್‌ಲೈನ್ ನಕ್ಷೆ) ನಿಮ್ಮ ಜಾಗ ಯಾವ ಬಣ್ಣದಲ್ಲಿದೆ ನೋಡದೆ ಡ್ರೋನ್ ಹಾರಿಸಬೇಡಿ. "ಐದೇ ನಿಮಿಷ ಸಾರ್" ಅನ್ನುವ ಡ್ರೋನ್ ಆಪರೇಟರ್ ಮಾತು ಕೇಳಿದರೆ ಕೇಸ್ ಆಗುವುದು ನಿಮ್ಮ ಮೇಲೆ.

ಮಕ್ಕಳು ನಟಿಸುತ್ತಿದ್ದರೆ ಜಿಲ್ಲಾಧಿಕಾರಿಗಳ ಅನುಮತಿ ಕಡ್ಡಾಯ. ದಿನಕ್ಕೆ ಐದು ಗಂಟೆಗಿಂತ ಹೆಚ್ಚು ಕೆಲಸ ಇಲ್ಲ, ಬಿಡುವು ಕೊಡದೆ ಸತತ ಮೂರು ಗಂಟೆಗಿಂತ ಹೆಚ್ಚು ಮಾಡಿಸುವಂತಿಲ್ಲ. ಸಂಭಾವನೆಯ ಕನಿಷ್ಠ 20 ಪರ್ಸೆಂಟ್ ಮಗುವಿನ ಹೆಸರಲ್ಲಿ ಠೇವಣಿ ಇಡಬೇಕು. ಈ ನಿಯಮಗಳನ್ನು ಹೊರೆ ಅಂದುಕೊಳ್ಳಬೇಡಿ, ನಿಮ್ಮದೇ ಮಗು ಅಂದುಕೊಂಡು ಪಾಲಿಸಿ.

ಪ್ರಾಣಿಗಳಿಗೆ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿ ಶೂಟಿಂಗ್‌ಗೆ ಮೊದಲೇ ಬೇಕು. ಕುದುರೆ, ಮೇಕೆ, ನಾಯಿ, ಯಾವುದಿದ್ದರೂ. ಮುಗಿದ ಮೇಲೆ ಓಡಾಡಿದರೆ ಪ್ರಯೋಜನವಿಲ್ಲ, ಸೆನ್ಸಾರ್‌ನಲ್ಲಿ ಆ ದೃಶ್ಯ ನಿಲ್ಲುತ್ತದೆ. ಕಾರಹುಣ್ಣಿಮೆಯ ಹೋರಿ ಓಟ ಎಲ್ಲರಿಗೂ ಆಸೆ. ಆದರೆ 2011ರ ಕೇಂದ್ರದ ಅಧಿಸೂಚನೆ ಹೋರಿಯನ್ನು ಪ್ರದರ್ಶನಕ್ಕೆ ಬಳಸಬಾರದ ಪ್ರಾಣಿಗಳ ಪಟ್ಟಿಗೆ ಸೇರಿಸಿದೆ. ಅಂಥ ದೃಶ್ಯ ಬರೆಯುವ ಮೊದಲೇ ಮಂಡಳಿಯಲ್ಲಿ ಕೇಳಿ.

ಹಂತ 8: ತಂಡ ಮತ್ತು ಭಾಷೆ

ಕಲಬುರಗಿ ರಂಗಾಯಣ, ಕಾಲೇಜು ತಂಡಗಳು, ಊರಿನ ಬಯಲಾಟದವರು, ನಮ್ಮಲ್ಲಿ ನಟರಿಗೆ ಬರ ಇಲ್ಲ. ದೊಡ್ಡ ಪಾತ್ರಕ್ಕೆ ಹೊರಗಿನಿಂದ ಯಾರನ್ನಾದರೂ ತಂದರೂ ಉಳಿದವರನ್ನು ಇಲ್ಲಿಂದಲೇ ಆರಿಸಿ. ಎಲ್ಲರಿಗೂ ಒಪ್ಪಂದ: ಎಷ್ಟು ದಿನ, ಎಷ್ಟು ದುಡ್ಡು, ಡಬ್ಬಿಂಗ್ ಸೇರಿದೆಯಾ, ಪ್ರಚಾರಕ್ಕೆ ಬರುತ್ತಾರಾ. ಸಂಭಾವನೆಯ ಕೊನೆಯ ಕಂತು ಡಬ್ಬಿಂಗ್ ಮುಗಿದ ದಿನ ಕೊಡುವಂತೆ ಬರೆಯಿರಿ, ಅದೇ ದಿನ ಕೊಡಿ ಕೂಡ.

ಭಾಷೆಯಲ್ಲಿ ರಾಜಿ ಬೇಡ ಅಂತ ನನ್ನ ಗಟ್ಟಿ ಅಭಿಪ್ರಾಯ. "ಏನ್ ಮಾಡ್ಲಾಕತ್ತೀ" ಅನ್ನುವ ಪಾತ್ರಕ್ಕೆ ಡಬ್ಬಿಂಗ್‌ನಲ್ಲಿ ಬೇರೆ ಕಡೆಯ ಧ್ವನಿ ಕೂರಿಸಿದರೆ ಜೇವರ್ಗಿಯ ಪ್ರೇಕ್ಷಕರು ಮೊದಲ ಐದು ನಿಮಿಷದಲ್ಲೇ ಹಿಡಿಯುತ್ತಾರೆ. ಆಗುವುದಾದರೆ ಸಿಂಕ್ ಸೌಂಡ್ (ಶೂಟಿಂಗ್ ವೇಳೆಯಲ್ಲೇ ಮಾತಿನ ಧ್ವನಿಮುದ್ರಣ) ಮಾಡಿ. ಖರ್ಚು ಸ್ವಲ್ಪ ಹೆಚ್ಚು, ಆದರೆ ಹಳ್ಳಿಯ ನಟರು ಸ್ಟುಡಿಯೋದಲ್ಲಿ ತಮ್ಮದೇ ಮಾತನ್ನು ಮತ್ತೆ ತರಲು ಒದ್ದಾಡುವುದು ತಪ್ಪುತ್ತದೆ. ಡಬ್ಬಿಂಗ್ ಅನಿವಾರ್ಯವಾದರೆ ನಟಿಸಿದವರೇ ಡಬ್ ಮಾಡಲಿ.

ಹಂತ 9: ಶೂಟಿಂಗ್ ದಿನಗಳು

ನಿಮ್ಮ ಕೆಲಸ ಕ್ಯಾಮೆರಾ ಹಿಂದೆ ಕುರ್ಚಿ ಹಾಕಿಕೊಂಡು ಕೂರುವುದಲ್ಲ. ಪ್ರತಿ ರಾತ್ರಿ ಒಂದು ಹಾಳೆ ನಿಮ್ಮ ಕೈಗೆ ಬರಬೇಕು. ಅದರಲ್ಲಿ ಇಷ್ಟಿರಲಿ: ಮೊದಲ ಶಾಟ್ ಎಷ್ಟು ಗಂಟೆಗೆ, ಎಷ್ಟು ದೃಶ್ಯ ಬರೆದಿತ್ತು, ಎಷ್ಟು ಮುಗಿಯಿತು, ಊಟಕ್ಕೆ ಎಷ್ಟು ಜನ, ಡೀಸೆಲ್ ಎಷ್ಟು ಲೀಟರ್, ನಗದು ಎಷ್ಟು ಹೋಯಿತು, ವೋಚರ್ ಎಷ್ಟು. ಊಟದ ಲೆಕ್ಕದಲ್ಲಿ 85 ಜನ, ಕಾಲ್‌ಶೀಟ್‌ನಲ್ಲಿ (ಆ ದಿನ ಯಾರು ಬರಬೇಕು ಅನ್ನುವ ಪಟ್ಟಿ) 60 ಜನ ಇದ್ದರೆ ಅಂದೇ ಕೇಳಿ. ವಾರ ಬಿಟ್ಟು ಕೇಳಿದರೆ ಯಾರಿಗೂ ನೆನಪಿರುವುದಿಲ್ಲ.

ಸತತ ಮೂರು ದಿನ ಬರೆದದ್ದಕ್ಕಿಂತ ಕಡಿಮೆ ದೃಶ್ಯ ಮುಗಿದರೆ ಅದು ಅಪಾಯದ ಗುರುತು. ನಾಲ್ಕನೇ ದಿನ ಬೆಳಿಗ್ಗೆ ನಿರ್ದೇಶಕರ ಜೊತೆ ಕೂತು ಯಾವ ದೃಶ್ಯ ಕಡಿಮೆ ಮಾಡಬಹುದು ಅಂತ ತೀರ್ಮಾನಿಸಿ. ಜನರ ಮುಂದೆ ಜೋರು ಮಾಡಬೇಡಿ, ಸೆಟ್‌ನ ಉತ್ಸಾಹ ಒಮ್ಮೆ ಕೆಟ್ಟರೆ ಮತ್ತೆ ಬರುವುದಿಲ್ಲ.

ಫೂಟೇಜ್ ಅದೇ ರಾತ್ರಿ ಎರಡು ಹಾರ್ಡ್‌ಡಿಸ್ಕ್‌ಗೆ ಕಾಪಿ ಆಗಬೇಕು. ಎರಡೂ ಒಂದೇ ಬ್ಯಾಗ್‌ನಲ್ಲಿ, ಒಂದೇ ಕಾರಿನಲ್ಲಿ ಹೋಗಬಾರದು. ವಾರಕ್ಕೊಮ್ಮೆ ಮೂರನೇ ಕಾಪಿ ಬೇರೆ ಊರಿಗೆ ಕಳಿಸಿ. ಎರಡು ಕಾಪಿ ಪರೀಕ್ಷೆ ಆಗುವವರೆಗೆ ಕಾರ್ಡ್ ಅಳಿಸಬಾರದು ಅಂತ ಮೊದಲ ದಿನವೇ ಹೇಳಿ. ಶೂಟಿಂಗ್ ಮುಗಿಸಿ ಕುಂಬಳಕಾಯಿ ಒಡೆಯುವ ಮೊದಲು ಎಡಿಟರ್‌ಗೆ ಎಲ್ಲಾ ದೃಶ್ಯ ತೋರಿಸಿ, ಏನಾದರೂ ಬಿಟ್ಟುಹೋಗಿದೆಯಾ ಕೇಳಿ. ತಂಡ ಊರು ಬಿಟ್ಟ ಮೇಲೆ ಒಂದು ಕ್ಲೋಸಪ್‌ಗೂ ಇಡೀ ದಿನದ ಖರ್ಚು.

ಹಂತ 10: ಪೋಸ್ಟ್ ಪ್ರೊಡಕ್ಷನ್ ಮತ್ತು ಸೆನ್ಸಾರ್

ಕ್ರಮ ಹೀಗೆ: ಎಡಿಟಿಂಗ್ ಲಾಕ್ (ಇನ್ನು ಕತ್ತರಿ ಹಾಕುವುದಿಲ್ಲ ಅನ್ನುವ ತೀರ್ಮಾನ), ಡಬ್ಬಿಂಗ್, ಫೋಲಿ (ಹೆಜ್ಜೆ, ಬಾಗಿಲಿನಂಥ ಸದ್ದುಗಳು) ಮತ್ತು ಎಫೆಕ್ಟ್ಸ್, ರೀ-ರೆಕಾರ್ಡಿಂಗ್ (ಹಿನ್ನೆಲೆ ಸಂಗೀತ), ಡಿಐ (ಬಣ್ಣ ಸರಿಪಡಿಸುವುದು), 5.1 ಮಿಕ್ಸಿಂಗ್ (ಎಲ್ಲಾ ಧ್ವನಿ ಸೇರಿಸುವುದು), ಡಿಸಿಪಿ (ಥಿಯೇಟರ್‌ಗೆ ಹೋಗುವ ಡಿಜಿಟಲ್ ಪ್ರತಿ). ಎಡಿಟ್ ಲಾಕ್ ಆಗದೆ ರೀ-ರೆಕಾರ್ಡಿಂಗ್‌ಗೆ ಹೋದರೆ ಒಂದೇ ಕೆಲಸಕ್ಕೆ ಎರಡು ಸಲ ದುಡ್ಡು. ಲಾಕ್ ಆದ ದಿನ ನಿರ್ದೇಶಕರಿಂದ ಬರಹದಲ್ಲಿ ಒಪ್ಪಿಗೆ ತೆಗೆದುಕೊಳ್ಳಿ.

ಸೆನ್ಸಾರ್ ಅರ್ಜಿ ಆನ್‌ಲೈನ್, ಇ-ಸಿನೆಪ್ರಮಾಣ್ ಪೋರ್ಟಲ್‌ನಲ್ಲಿ. ಕನ್ನಡ ಸಿನಿಮಾಕ್ಕೆ ಬೆಂಗಳೂರು ಪ್ರಾದೇಶಿಕ ಕಚೇರಿ. ಬಿಡುಗಡೆಗೆ ಎರಡು ತಿಂಗಳು ಮೊದಲೇ ಹಾಕಿ. ಬೀಡಿ, ಗುಟ್ಕಾ ದೃಶ್ಯ ಇದ್ದರೆ ಶುರುವಿನಲ್ಲೂ ಮಧ್ಯಂತರದ ನಂತರವೂ ಆರೋಗ್ಯದ ಎಚ್ಚರಿಕೆಯ ತುಣುಕು, ದೃಶ್ಯದ ಕೆಳಗೆ ಬರಹ ಹಾಕಬೇಕು. 2024ರ ನಿಯಮಗಳ ಪ್ರಕಾರ ಈಗ ಯುಎ (ಪೋಷಕರ ಮಾರ್ಗದರ್ಶನದ) ಪ್ರಮಾಣಪತ್ರ ಮೂರು ಬಗೆ: 7+, 13+, 16+. ಕಿವಿ ಕೇಳದವರಿಗೆ, ಕಣ್ಣು ಕಾಣದವರಿಗೆ ಅನುಕೂಲ ಮಾಡಬೇಕು ಅಂತ 2024ರ ಮಾರ್ಚ್‌ನಲ್ಲಿ ಮಾರ್ಗಸೂಚಿ ಬಂದಿದೆ, ಆ ಖರ್ಚನ್ನೂ ಬಜೆಟ್‌ನಲ್ಲಿ ಇಡಿ. ಸಮಿತಿಯ ತೀರ್ಮಾನ ಒಪ್ಪದಿದ್ದರೆ ಸಿನಿಮಾವನ್ನು ಮತ್ತೆ ನೋಡುವ ರಿವೈಸಿಂಗ್ ಕಮಿಟಿ ಇದೆ. ಮೇಲ್ಮನವಿ ಟ್ರಿಬ್ಯೂನಲ್ 2021ರಲ್ಲೇ ರದ್ದಾಗಿದೆ, ಆಮೇಲೆ ಹೈಕೋರ್ಟ್ ಒಂದೇ ದಾರಿ.

ಹಂತ 11: ಬಿಡುಗಡೆ

ಎಫ್‌ಡಿಯಲ್ಲಿ ಇಟ್ಟ ದುಡ್ಡು ಈಗ ಕೈಗೆ ಬರಬೇಕು. ಯುಎಫ್‌ಒ, ಕ್ಯೂಬ್ (ಥಿಯೇಟರ್‌ಗಳಿಗೆ ಸಿನಿಮಾವನ್ನು ಡಿಜಿಟಲ್ ಆಗಿ ತಲುಪಿಸುವ ಕಂಪನಿಗಳು) ಮೂಲಕ ಪ್ರತಿ ಪರದೆಗೂ ಶುಲ್ಕ ಕಟ್ಟಬೇಕು. ಹಾಗಾಗಿ ನೂರು ಥಿಯೇಟರ್ ಅಂತ ಪೋಸ್ಟರ್‌ನಲ್ಲಿ ಹಾಕುವ ಆಸೆ ಬಿಡಿ. ಕಲಬುರಗಿ, ಬೀದರ್, ಯಾದಗಿರಿ, ರಾಯಚೂರು, ವಿಜಯಪುರದಲ್ಲಿ ಆಯ್ದ ಪರದೆಗಳು, ಬೆಂಗಳೂರಿನಲ್ಲಿ ನಮ್ಮ ಕಡೆಯವರು ಹೆಚ್ಚಿರುವ ಪ್ರದೇಶದ ಒಂದೆರಡು ಮಲ್ಟಿಪ್ಲೆಕ್ಸ್. ಮೊದಲ ವಾರ ತುಂಬಿದರೆ ಎರಡನೇ ವಾರ ಹೆಚ್ಚಿಸಿ.

ಒಂದು ವಿಷಯ ಇಲ್ಲಿನವರಿಗೆ ಮಾತ್ರ ಅನ್ವಯ. ಸಿನಿಮಾ ವ್ಯಾಪಾರದಲ್ಲಿ ನಮ್ಮ ಜಿಲ್ಲೆಗಳು ಹಿಂದಿ, ತೆಲುಗು ವಿತರಕರ ನಿಜಾಮ್ ಏರಿಯಾಕ್ಕೆ (ಹೈದರಾಬಾದ್ ಕೇಂದ್ರವಾಗಿರುವ ವಿತರಣಾ ಪ್ರದೇಶ) ಸೇರಿವೆ. ದೊಡ್ಡ ತೆಲುಗು ಸಿನಿಮಾ ಬರುವ ವಾರ ನಮ್ಮ ಥಿಯೇಟರ್‌ಗಳು ಅದಕ್ಕೇ ಹೋಗುತ್ತವೆ. ಬೆಂಗಳೂರಿನ ಕನ್ನಡ ಬಿಡುಗಡೆ ಪಟ್ಟಿ ಒಂದನ್ನೇ ನೋಡಿ ದಿನ ಇಡಬೇಡಿ, ಹೈದರಾಬಾದ್‌ನ ಪಟ್ಟಿಯನ್ನೂ ನೋಡಿ.

ಸಿಂಗಲ್ ಸ್ಕ್ರೀನ್‌ನಲ್ಲಿ ಬಾಡಿಗೆಯಾ, ಪರ್ಸೆಂಟೇಜಾ ಅಂತ ಮೊದಲೇ ಬರೆಸಿಕೊಳ್ಳಿ. ಬಾಡಿಗೆ ಅಂದರೆ ಜನ ಬರಲಿ ಬಿಡಲಿ ವಾರದ ದುಡ್ಡು ನಿಮ್ಮ ತಲೆ ಮೇಲೆ. ಹೊಸ ನಿರ್ಮಾಪಕರಿಗೆ ಪರ್ಸೆಂಟೇಜೇ ವಾಸಿ. ವಿತರಕರಿಂದ ಪ್ರತಿ ದಿನದ ಕಲೆಕ್ಷನ್ ವರದಿ ಪ್ರತಿ ರಾತ್ರಿ ಬರಬೇಕು, ವಾರದ ಲೆಕ್ಕ ಸಹಿ ಆಗಿ ಬರಬೇಕು. ಮೊದಲ ಮೂರು ದಿನ ನೀವೇ ಒಂದೆರಡು ಥಿಯೇಟರ್‌ನಲ್ಲಿ ಕೂತು ತಲೆ ಎಣಿಸಿ, ವರದಿಯ ಜೊತೆ ಹೋಲಿಸಿ.

ಟಿವಿ, ಓಟಿಟಿ, ಡಬ್ಬಿಂಗ್ ಹಕ್ಕು ಕೊಡುವಾಗ ಎಲ್ಲವನ್ನೂ ಒಟ್ಟಿಗೆ, ಶಾಶ್ವತವಾಗಿ ಬರೆದುಕೊಡಬೇಡಿ. ಒಂದೊಂದನ್ನೂ ಬೇರೆ ಬೇರೆ, ವರ್ಷ ಹಾಕಿ ಕೊಡಿ. ಯಾವ ಹಕ್ಕು ಯಾವ ತಾರೀಖಿಗೆ ವಾಪಸ್ ಬರುತ್ತದೆ ಅಂತ ಒಂದು ಪಟ್ಟಿ ಮಾಡಿ. ಮಾಸ್ಟರ್ ಡಿಸ್ಕ್, ಸೆನ್ಸಾರ್ ಪ್ರಮಾಣಪತ್ರ, ಎಲ್ಲಾ ಒಪ್ಪಂದಗಳ ಮೂಲಪ್ರತಿ ಜೊತೆ ಆ ಪಟ್ಟಿಯನ್ನೂ ಬ್ಯಾಂಕ್ ಲಾಕರ್‌ನಲ್ಲಿ ಇಡಿ, ಮನೆಯವರಲ್ಲಿ ಒಬ್ಬರಿಗಾದರೂ ಅದು ಎಲ್ಲಿದೆ ಅಂತ ಹೇಳಿರಿ.